ನಿಮಗಿದು ಗೊತ್ತೆ? ಕುಂಡ ಬದಲಿಸಿದರೆ ಗಿಡ ಸಾಯದು

ನರ್ಸರಿಯಿಂದ ತಂದ ತುಳಸಿ, ಪುದೀನ, ದೊಡ್ಡಪತ್ರೆಯನ್ನು ಅದೇ ಕಪ್ಪು ಕವರಿನಲ್ಲಿ ಬಿಟ್ಟರೆ ಚಿಗುರು ಬೇಗ ನಿಂತುಹೋಗುತ್ತದೆ. ಕವರು ಹರಿದು ನೋಡಿ: ಬಿಳಿ ಬೇರುಗಳು ಮಣ್ಣಿನ ಹೆಂಟೆಯ ಸುತ್ತ ಸಿಂಬಿಯಂತೆ ಸುತ್ತಿಕೊಂಡಿರುತ್ತವೆ. ತೆಂಗಿನ ನಾರಿನ ಪುಡಿಯಲ್ಲಿ ಬೆಳೆಸಿದ ಗಿಡವಾದರೆ, ಆ ಪುಡಿ ನೀರು ಹಿಡಿದಿಡುತ್ತದೆಯೇ ಹೊರತು ಅದರಲ್ಲಿ ಗಿಡಕ್ಕೆ ಬೇಕಾದ ಸಾರ ತೀರಾ ಕಡಿಮೆ.

ಬೇರು ಅಲುಗಿಸಿದರೆ ಗಿಡ ಸಾಯುತ್ತದೆಂಬುದು ಹಲವರ ಅಂಜಿಕೆ. ಅದಕ್ಕೆ ನಮ್ಮ ಹೊಲಗಳೇ ಉತ್ತರ. ಹುಣಸೂರು, ಪಿರಿಯಾಪಟ್ಟಣ, ಎಚ್.ಡಿ. ಕೋಟೆಯಲ್ಲಿ ತಂಬಾಕಿನ ಸಸಿ ಮಡಿಯಿಂದ ನಾರಿನ ಪುಡಿಯ ಟ್ರೇಗೆ, ಟ್ರೇಯಿಂದ ಹೊಲಕ್ಕೆ ಹೀಗೆ ಎರಡು ಸಲ ಜಾಗ ಬದಲಿಸಿಯೂ ಆಳೆತ್ತರ ಬೆಳೆಯುತ್ತದೆ. ಕೆ.ಆರ್. ನಗರದ ಗದ್ದೆಗಳಲ್ಲಿ ಬೇರುಸಹಿತ ಕಿತ್ತು ನಾಟಿ ಮಾಡಿದ ಭತ್ತದ ಪೈರು ಕೆಲವೇ ದಿನಗಳಲ್ಲಿ ಹಸಿರೇರುತ್ತದೆ. ಅವು ಎಳೆಯ ಸಸಿಗಳು, ಬಲಿತ ಗಿಡಕ್ಕೆ ಈ ಮಾತು ಒಪ್ಪುವುದೇ ಎಂದು ಕೇಳಬಹುದು. ಪ್ರಶ್ನೆ ಸರಿಯೇ. ಆದ್ದರಿಂದಲೇ ಬಲಿತ ಗಿಡದ ಬೇರನ್ನು ಪೂರ್ತಿ ಬಿಡಿಸದೆ, ಹೊರಸುತ್ತನ್ನಷ್ಟೇ ಬೆರಳಿನಿಂದ ಸಡಿಲಿಸಬೇಕು. ತಳದಲ್ಲಿ ತೂತಿರುವ, ತುಸು ದೊಡ್ಡ ಕುಂಡಕ್ಕೆ ಕೆಮ್ಮಣ್ಣು, ಕಳಿತ ಕೊಟ್ಟಿಗೆ ಗೊಬ್ಬರ ತುಂಬಿ ಸಂಜೆ ಹೊತ್ತಿನಲ್ಲಿ ನೆಡಿ. ನೀರುಣಿಸಿ ನಾಲ್ಕೈದು ದಿನ ನೆರಳಿನಲ್ಲಿಡಿ. ಮೊದಲು ಎಲೆ ಬಾಡಿದರೂ ಹೆದರಬೇಡಿ, ಹೊಸ ಬೇರು ಹಿಡಿದ ಮೇಲೆ ಗಿಡ ತಾನಾಗಿ ಚಿಗುರುತ್ತದೆ.