ಮೇಲ್ಮಹಡಿಯೂ ಕಾಲುದಾರಿಯೂ: ಒಂದು ಇಂಗ್ಲಿಷ್ ಗೀತಸಂಪುಟದ ವಿಡಂಬನೆ



ನಮ್ಮ ಅಲಂಕಾರಶಾಸ್ತ್ರದಲ್ಲಿ ವ್ಯಾಜಸ್ತುತಿ ಎಂಬುದೊಂದುಂಟು. ಹೊಗಳಿಕೆಯ ಮಾತಿನೊಳಗೆ ತೆಗಳಿಕೆಯನ್ನು, ತೆಗಳಿಕೆಯೊಳಗೆ ಹೊಗಳಿಕೆಯನ್ನು ಅಡಗಿಸುವ ಬಗೆ ಅದು. 1981ರ ಸೆಪ್ಟೆಂಬರಿನಲ್ಲಿ ಇಂಗ್ಲೆಂಡಿನ ‘ಹೆವೆನ್ 17’ ತಂಡ ಹೊರತಂದ ‘ಪೆಂಟ್‌ಹೌಸ್ ಅಂಡ್ ಪೇವ್‌ಮೆಂಟ್’ ಎಂಬ ಗೀತಸಂಪುಟವನ್ನು ಪ್ರವೇಶಿಸಲು ನಮಗೆ ಇದಕ್ಕಿಂತ ಒಳ್ಳೆಯ ಬಾಗಿಲು ಕಾಣದು. ಪೆಂಟ್‌ಹೌಸ್ ಎಂದರೆ ಎತ್ತರದ ಕಟ್ಟಡದ ತುತ್ತತುದಿಯ ವಿಲಾಸಗೃಹ; ಪೇವ್‌ಮೆಂಟ್ ಎಂದರೆ ಅದರ ಬುಡದಲ್ಲಿ ಜನಸಾಮಾನ್ಯರು ನಡೆಯುವ ಕಾಲುದಾರಿ.

ತಂಡದ ಊರು ಉಕ್ಕಿಗೆ ಹೆಸರಾದ ಶೆಫೀಲ್ಡ್. ಮಾರ್ಗರೆಟ್ ಥ್ಯಾಚರ್ ಪ್ರಧಾನಿಯಾದದ್ದು 1979ರಲ್ಲಿ. ಮರುವರ್ಷದ ಆರಂಭದಲ್ಲಿ ಉಕ್ಕಿನ ಕಾರ್ಮಿಕರು ಮೂರು ತಿಂಗಳ ಮುಷ್ಕರ ಹೂಡಿದರು. 1982ರ ಜನವರಿಯ ಹೊತ್ತಿಗೆ ಬ್ರಿಟನ್ನಿನ ನಿರುದ್ಯೋಗಿಗಳ ಸಂಖ್ಯೆ 30 ಲಕ್ಷವನ್ನು ಮೀರಿತು. ಇಂಥ ಊರಿನ ಯುವಕರು ಸಿರಿಯನ್ನು ಕುರಿತು ಹಾಡಹೊರಟರೆ ಅಳಲನ್ನೋ ಆಕ್ರೋಶವನ್ನೋ ನಿರೀಕ್ಷಿಸುವುದು ಸಹಜ. ಇವರು ಮಾಡಿದ್ದೇ ಬೇರೆ.

ಮಾರ್ಟಿನ್ ವೇರ್ ಮತ್ತು ಇಯಾನ್ ಕ್ರೇಗ್ ಮಾರ್ಷ್ ಇಬ್ಬರೂ ಹಿಂದೆ ಕಂಪ್ಯೂಟರ್ ಆಪರೇಟರುಗಳಾಗಿದ್ದವರು. 1980ರಲ್ಲಿ ‘ಹ್ಯೂಮನ್ ಲೀಗ್’ ತಂಡವನ್ನು ತೊರೆದು, ‘ಬ್ರಿಟಿಷ್ ಎಲೆಕ್ಟ್ರಿಕ್ ಫೌಂಡೇಷನ್’ ಎಂಬ ಗಂಭೀರ ಹೆಸರಿನಲ್ಲಿ ತಮ್ಮದೊಂದು ಸಂಸ್ಥೆಯನ್ನೇ ಕಟ್ಟಿದರು. ಗಾಯಕ ಗ್ಲೆನ್ ಗ್ರೆಗರಿ ಜೊತೆಗೂಡಿದ. ಸಂಪುಟದ ಹೊದಿಕೆಯನ್ನು ನೋಡಬೇಕು! ಸೂಟು ಧರಿಸಿದ ವ್ಯಾಪಾರಿಗಳಂತೆ ಇವರ ಚಿತ್ರ: ಕೈ ಕುಲುಕುತ್ತಾರೆ, ದೂರವಾಣಿಯಲ್ಲಿ ಮಾತಾಡುತ್ತಾರೆ, ಕಂಪನಿಯೊಂದರ ಜಾಹೀರಾತಿನ ಪತ್ರಿಕೆಯೇ ಸರಿ. ಗಾಯಕರನ್ನು ದೇವಮಾನವರಂತೆ ಮೆರೆಸುವ ಸಂಗೀತೋದ್ಯಮವೂ ಕೊನೆಗೆ ಲಾಭನಷ್ಟದ ಅಂಗಡಿಯೇ ಎಂಬುದನ್ನು ಈ ಚಿತ್ರ ಬಾಯಿಬಿಡದೆ ಹೇಳುತ್ತದೆ.

ಧ್ವನಿಮುದ್ರಿಕೆಯ ಒಂದು ಬದಿಗೆ ‘ಪೇವ್‌ಮೆಂಟ್’, ಇನ್ನೊಂದಕ್ಕೆ ‘ಪೆಂಟ್‌ಹೌಸ್’ ಎಂದು ಹೆಸರು. ಮೊದಲನೆಯದರಲ್ಲಿ ಜಾನ್ ವಿಲ್ಸನ್ ಎಂಬ ತರುಣನ ಬಾಸ್ ಗಿಟಾರ್ ಯಂತ್ರದ ತಾಳದೊಡನೆ ಪಂದ್ಯ ಕಟ್ಟಿದಂತೆ ಓಡುತ್ತದೆ. ಎರಡನೆಯದನ್ನು ಬಹುತೇಕ ಸಿಂಥಸೈಜರುಗಳೇ ಆಳುತ್ತವೆ. ಬೀದಿಗೆ ಬೆರಳುಗಳ ಬಿಸಿ, ಮೇಲ್ಮಹಡಿಗೆ ವಿದ್ಯುತ್ತಿನ ತಂಪು ಎಂದು ನಾವು ಕೇಳಿಕೊಳ್ಳುತ್ತೇವೆ. ಜನಾಂಗದ್ವೇಷದ ರಾಜಕೀಯವನ್ನು ಹಳಿದ ಹಾಡೊಂದು ಈ ಸಂಪುಟದಲ್ಲಿದೆ. ರೊನಾಲ್ಡ್ ರೇಗನ್ನರ ಹೆಸರು ಬಂದುದರಿಂದ ಬಿಬಿಸಿ ಅದನ್ನು ದೂರವಿಟ್ಟಿತು. ಆದರೆ ನಮ್ಮ ದೃಷ್ಟಿಯಲ್ಲಿ ಹೆಚ್ಚು ಹರಿತವಾದುದು, ‘ಗೆಲ್ಲಲೆಂದೇ ಆಡು’ ಎಂಬರ್ಥದ ಶೀರ್ಷಿಕೆಯ ‘ಪ್ಲೇ ಟು ವಿನ್’. ಗೆಲುವಿನ ಹಂಬಲವನ್ನು ಅದು ಬಯ್ಯುವುದಿಲ್ಲ, ಕುಣಿಸುತ್ತದೆ. ಕೇಳುವವನ ಕಾಲು ತಾಳ ಹಾಕಿದ ಮೇಲೆ ಬುದ್ಧಿಗೆ ಸಂಶಯ ಹುಟ್ಟಬೇಕು.

ಹುಟ್ಟದಿದ್ದರೆ? ವ್ಯಾಜಸ್ತುತಿಗೆ ಈ ಗಂಡಾಂತರ ಯಾವಾಗಲೂ ಉಂಟು. 1986ರ ಅಕ್ಟೋಬರಿನಲ್ಲಿ ಲಂಡನ್ ಷೇರುಪೇಟೆಯ ಹಳೆಯ ಕಟ್ಟಳೆಗಳು ಸಡಿಲಗೊಂಡವು. ಆ ದಶಕದಲ್ಲಿ ಯಪ್ಪಿಗಳೆನಿಸಿಕೊಂಡ ಯುವ ಧನಿಕರು ಈ ಹೊದಿಕೆಯ ವೇಷವನ್ನೇ ನಗೆಯಿಲ್ಲದೆ ತೊಟ್ಟರು. ತಂಡವೂ 1983ರಲ್ಲಿ ‘ದಿ ಲಕ್ಷುರಿ ಗ್ಯಾಪ್’ ಎಂಬ ಮುಂದಿನ ಸಂಪುಟದಿಂದ ನಿಜವಾಗಿಯೇ ಹಣ, ಹೆಸರು ಕಂಡಿತು. ಅದರ ‘ಟೆಂಪ್ಟೇಷನ್’ ಹಾಡು ಬ್ರಿಟನ್ನಿನ ಪಟ್ಟಿಯಲ್ಲಿ 2ನೆಯ ಸ್ಥಾನಕ್ಕೇರಿತು. ಅಣಕಿಸಿದ ಗದ್ದುಗೆಯ ಮೇಲೆ ತಾವೇ ಕುಳಿತಂತಾಯಿತಲ್ಲವೇ ಎಂದು ಕೆಲವರು ಕೇಳಬಹುದು. ನಾವು ಹಾಗೆ ಬೆರಳು ತೋರಲಾರೆವು. ಒಳ್ಳೆಯ ಸಂಬಳಕ್ಕೆಂದೇ ಕಡಲು ದಾಟಿ, ವಾರಾಂತ್ಯದಲ್ಲಿ ಸರಳಜೀವನವನ್ನು ಕೊಂಡಾಡುವವರು ನಮ್ಮಲ್ಲೇನು ಕಡಿಮೆಯೇ?

ಎಂಬತ್ತರ ದಶಕದಲ್ಲಿ ಸಂಗೀತಯಾತ್ರೆಗೆ ಹೊರಡದಿದ್ದ ಈ ತಂಡ, 2010ರಲ್ಲಿ ಈ ಸಂಪುಟವನ್ನು ಇಡಿಯಾಗಿ ವೇದಿಕೆಗಳ ಮೇಲೆ ಹಾಡಿತು. ಅಷ್ಟರಲ್ಲಿ 2008ರ ಬ್ಯಾಂಕುಗಳ ಕುಸಿತವನ್ನು ಬ್ರಿಟನ್ ಕಂಡಾಗಿತ್ತು.