ಕುವೈತ್ 1990: ಪಾಸ್‌ಪೋರ್ಟ್ ಕೈಯಲ್ಲಿಲ್ಲದ ಹೆಂಗಸರು

1990ರ ಆಗಸ್ಟ್ 2ರ ನಸುಕಿನಲ್ಲಿ ಇರಾಕಿನ ಸೇನೆ ಕುವೈತ್‌ಗೆ ನುಗ್ಗಿತು. ಅಲ್ಲಿ ಆಗ ಸುಮಾರು 1.7 ಲಕ್ಷ ಭಾರತೀಯರಿದ್ದರು. ಉಡುಪಿ, ಕಾಪು, ಕಾರ್ಕಳ ಕಡೆಯ ಎಷ್ಟೋ ಮನೆಗಳು ಗಲ್ಫ್ ದುಡಿಮೆಯ ಮೇಲೆ ನಿಂತಿದ್ದ ಕಾಲವದು. ದಾಳಿಯಾದೊಡನೆ ಫೋನ್ ಕಡಿಯಿತು, ಮಣಿಪಾಲ, ಉಡುಪಿಯ ಬ್ಯಾಂಕುಗಳಿಗೆ ಕುವೈತ್‌ನಿಂದ ಬರುತ್ತಿದ್ದ ಹಣವೂ ನಿಂತಿತು.

ಕುವೈತ್‌ನಲ್ಲಿ ಬ್ಯಾಂಕುಗಳು ಮುಚ್ಚಿದವು. ಇರಾಕ್ ಆಡಳಿತ ಕುವೈತಿ ದಿನಾರನ್ನು ಬಹಳ ಅಗ್ಗದ ಇರಾಕಿ ದಿನಾರಿಗೆ ಸಮ ಎಂದು ಸಾರಿದಾಗ ವರ್ಷಗಳ ಉಳಿತಾಯ ಕರಗಿತು. ಖುಬ್ಬೂಸ್ ರೊಟ್ಟಿಗೂ ಸಾಲು ನಿಲ್ಲಬೇಕು, ದಾರಿಯುದ್ದಕ್ಕೂ ಸೈನಿಕರ ತಪಾಸಣೆ. ಆದ್ದರಿಂದ ಹೆಂಗಸರು ಫ್ಲ್ಯಾಟಿನಿಂದ ಹೊರಬರುವುದೇ ಕಷ್ಟವಾಯಿತು. ಯುದ್ಧದ ನಂತರ ವಿಶ್ವಸಂಸ್ಥೆಯ ವಿಶೇಷ ವರದಿಗಾರ ವಾಲ್ಟರ್ ಕೇಲಿನ್ ಸಲ್ಲಿಸಿದ ವರದಿ ಸೈನಿಕರು ನಡೆಸಿದ ಅತ್ಯಾಚಾರಗಳನ್ನೂ ದಾಖಲಿಸಿತು. ಪ್ರತಿರೋಧಕ್ಕಿಳಿದ ಕುವೈತಿ ಮಹಿಳೆ ಅಸ್ರಾರ್ ಅಲ್ ಕಬಂದಿಯನ್ನು 1991ರ ಜನವರಿಯಲ್ಲಿ ಕೊಲ್ಲಲಾಯಿತು.

ಹೆಚ್ಚು ಸಿಕ್ಕಿಬಿದ್ದವರು ಅರಬಿ ಮನೆಗಳ ಮನೆಗೆಲಸದವರು. ಅವರ ಪಾಸ್‌ಪೋರ್ಟ್ ಯಜಮಾನ, ಅಂದರೆ ಕಫೀಲನ ಕಪಾಟಿನಲ್ಲಿರುವುದು ವಾಡಿಕೆಯಾಗಿತ್ತು. ಯಜಮಾನನ ಕುಟುಂಬ ಸೌದಿಗೆ ಓಡಿಹೋದರೆ ಮನೆಯಲ್ಲಿ ಉಳಿದವಳ ಬಳಿ ಸಂಬಳವಿಲ್ಲ, ತಾನು ಯಾರೆಂದು ತೋರಿಸುವ ಕಾಗದವೂ ಇಲ್ಲ. ಕಾಗದವಿಲ್ಲದೆ ಗಡಿ ದಾಟುವಂತಿಲ್ಲ. ಇಂಥವರಿಗೆ ಭಾರತೀಯ ರಾಯಭಾರ ಕಚೇರಿ ತುರ್ತು ಪ್ರಯಾಣಪತ್ರ ಕೊಡಬೇಕಾಯಿತು.

ಬಸ್ಸುಗಳು ಬಸ್ರಾ, ಬಾಗ್ದಾದ್ ದಾಟಿ ಜೋರ್ಡಾನ್ ಗಡಿ ತಲುಪುತ್ತಿದ್ದವು. ಅಲ್ಲಿನ ಮರಳುಗಾಡಿನ ಶಿಬಿರಗಳಲ್ಲಿ ಬಿಸಿಲು, ದೂಳು, ನೀರಿನ ಅಭಾವ. ಕೈಗೂಸಿನ ತಾಯಂದಿರಿಗೆ, ಬಸುರಿಯರಿಗೆ ಶೌಚ, ಸ್ನಾನದ ಮರೆಯೂ ಇರಲಿಲ್ಲ. ಅಮ್ಮಾನ್‌ನಿಂದ ಮುಂಬೈಗೆ ಏರ್ ಇಂಡಿಯಾ ಸುಮಾರು ಎರಡು ತಿಂಗಳಲ್ಲಿ 488 ಹಾರಾಟ ನಡೆಸಿ ಒಂದು ಲಕ್ಷಕ್ಕೂ ಹೆಚ್ಚು ಜನರನ್ನು ಕರೆತಂದಿತು. ಕೊಂಕಣ ರೈಲು ಇನ್ನೂ ಇರಲಿಲ್ಲ. ಮುಂಬೈಯಿಂದ ಕರಾವಳಿಗೆ ಬರುವ ಹೆಚ್ಚಿನವರಿಗೆ ಬಸ್ಸೇ ಆಸರೆ.

1991ರ ಫೆಬ್ರುವರಿ ಕೊನೆಗೆ ಕುವೈತ್ ಬಿಡುಗಡೆಯಾಯಿತು. ವಿಶ್ವಸಂಸ್ಥೆಯ ಪರಿಹಾರ ಆಯೋಗ ನಷ್ಟ ತುಂಬಲು ಅರ್ಜಿ ಕರೆಯಿತು. ಕುವೈತ್ ಬಿಟ್ಟು ಹೊರಟವರಿಗೆ ನಿಗದಿತ ಮೊತ್ತವಿತ್ತು; ಲೈಂಗಿಕ ದೌರ್ಜನ್ಯವನ್ನು ಗಂಭೀರ ಗಾಯವೆಂದು ಎಣಿಸಿ ತಲೆಗೆ 2,500 ಡಾಲರ್ ಗೊತ್ತುಮಾಡಲಾಯಿತು. ಕುವೈತ್ ಬಿಟ್ಟದ್ದಕ್ಕೂ ಪುರಾವೆ ಬೇಕಿತ್ತು. ಪಾಸ್‌ಪೋರ್ಟ್ ಇಲ್ಲದೆ ಹೊರಟವಳಿಗೆ ಅದೇ ಕಷ್ಟ. ಒಟ್ಟು 52.4 ಶತಕೋಟಿ ಡಾಲರ್ ಹಂಚಿದ ಆಯೋಗದ ಹೊಣೆ 2022ರ ಫೆಬ್ರುವರಿಯಲ್ಲಿ ಮುಗಿಯಿತು.