ಪಹಣಿ ಕೊಡುವ ಕಂಪ್ಯೂಟರಿಗೆ ಎರಡು ಪರದೆ

ಗುಂಡ್ಲುಪೇಟೆ ತಾಲ್ಲೂಕಿನ ಹಂಗಳ, ತೆರಕಣಾಂಬಿ ಕಡೆಯ ಅನೇಕ ಬೇಸಾಯಗಾರರಿಗೆ ಕಂಪ್ಯೂಟರ್ ಮೊದಲು ಎದುರಾದದ್ದು ಆಟಕ್ಕೂ ಅಲ್ಲ, ಕಾಗದ ಬರೆಯಲಿಕ್ಕೂ ಅಲ್ಲ. ಸಾಲಕ್ಕೆಂದು ಬ್ಯಾಂಕಿನವರು ಕೇಳಿದ ಪಹಣಿಗಾಗಿ. 2002ರ ಹೊತ್ತಿಗೆ ಗುಂಡ್ಲುಪೇಟೆಯೂ ಸೇರಿ ರಾಜ್ಯದ 177 ತಾಲ್ಲೂಕುಗಳಲ್ಲಿ ಜಮೀನಿನ ದಾಖಲೆಗಳನ್ನು ಕಂಪ್ಯೂಟರಿಗೆ ಏರಿಸಿದ ‘ಭೂಮಿ’ ಯೋಜನೆಯ ಕೌಂಟರುಗಳಿದ್ದವು. ಸುಮಾರು 67 ಲಕ್ಷ ರೈತರ 2 ಕೋಟಿ ದಾಖಲೆಗಳು ವಿಲೇಜ್ ಅಕೌಂಟೆಂಟರ ಕೈಬರಹದ ಪುಸ್ತಕಗಳಿಂದ ಯಂತ್ರಕ್ಕೆ ಇಳಿದಿದ್ದವು. ಆಗ 15 ರೂಪಾಯಿ ಕೊಟ್ಟರೆ ನಿಮಿಷಗಳಲ್ಲಿ ಮುದ್ರಿತ ಪ್ರತಿ ಸಿಗುತ್ತಿತ್ತು.

ಅಷ್ಟು ಬೇಗ ಹುಡುಕುವುದು ಹೇಗೆ? ಯಂತ್ರ ಪುಟ ತಿರುವುವುದಿಲ್ಲ. ದಾಖಲೆಗಳ ಜೊತೆಗೆ ಅದೊಂದು ಸೂಚಿಯನ್ನೂ ಇಟ್ಟುಕೊಂಡಿರುತ್ತದೆ. ಗುಂಡ್ಲುಪೇಟೆ ತಾಲ್ಲೂಕಿನಲ್ಲಿರುವುದು ಕಸಬಾ, ಬೇಗೂರು, ಹಂಗಳ, ತೆರಕಣಾಂಬಿ ಎಂಬ ನಾಲ್ಕು ಹೋಬಳಿ. ಹಂಗಳ ಎಂದು ಆರಿಸಿದೊಡನೆ ಉಳಿದ ಮೂರರ ಗೊಡವೆ ತಪ್ಪಿತು. ಊರು ಹೇಳಿದರೆ ರಾಶಿ ಇನ್ನೂ ಕರಗುತ್ತದೆ. ಸರ್ವೆ ನಂಬರು, ಹಿಸ್ಸಾ ಒತ್ತಿದ ಮೇಲೆ ಉಳಿಯುವುದು ಒಂದೇ ತುಂಡು ನೆಲ.

ಆ ವ್ಯವಸ್ಥೆಯ ನಿಜವಾದ ಜಾಣ್ಮೆ ಮಾತ್ರ ಒಂದು ಹೆಚ್ಚುವರಿ ಮಾನಿಟರಿನಲ್ಲಿತ್ತು. ನೌಕರನ ಮುಂದೊಂದು ಪರದೆ, ಕೌಂಟರಿನಾಚೆ ನಿಂತವರ ಕಡೆಗೆ ಮುಖ ಮಾಡಿದ ಇನ್ನೊಂದು. ಒಂದೇ ಕಂಪ್ಯೂಟರಿನ ಚಿತ್ರ ಎರಡೂ ಕಡೆ ಮೂಡುತ್ತಿತ್ತು. ತನ್ನ ಹೆಸರು, ಎಕರೆ, ಗುಂಟೆಗಳನ್ನು ಒಳಗಿನವರು ಏನು ಮಾಡುತ್ತಿದ್ದಾರೆಂದು ರೈತ ನಿಂತಲ್ಲೇ ನೋಡಬಹುದಾಗಿತ್ತು. ದುಬಾರಿ ಸಾಫ್ಟ್‌ವೇರ್ ಕೊಡಲಾಗದ ಧೈರ್ಯವನ್ನು ಈ ಅಗ್ಗದ ಉಪಾಯ ಕೊಟ್ಟಿತು.

ತಿದ್ದುವ ಅಧಿಕಾರಕ್ಕೆ ಬೆರಳಚ್ಚಿನ ಬೀಗವಿತ್ತು. ಬೆರಳಿನ ಗೆರೆಗಳು ಎಲ್ಲಿ ಮುಗಿಯುತ್ತವೆ, ಎಲ್ಲಿ ಕವಲೊಡೆಯುತ್ತವೆ ಎಂಬ ಗುರುತುಗಳನ್ನು ಇಂಥ ಯಂತ್ರ ಮೊದಲೇ ದಾಖಲಿಸಿಕೊಂಡು, ಆಮೇಲೆ ಇಟ್ಟ ಬೆರಳಿನೊಡನೆ ತಾಳೆ ನೋಡುತ್ತದೆ. ಪಾಸ್‌ವರ್ಡನ್ನು ಪಕ್ಕದ ಮೇಜಿನವರಿಗೆ ಪಿಸುಗುಟ್ಟಬಹುದು, ಹೆಬ್ಬೆರಳನ್ನು ಕೊಟ್ಟು ಹೋಗಲಾಗದು. ಹಾಗಾಗಿ ಯಾವ ತಿದ್ದುಪಡಿ ಯಾರದೆಂಬುದು ಅಳಿಯದೆ ಉಳಿಯುತ್ತಿತ್ತು. ಖಾತೆ ಬದಲಾವಣೆಯ ಅರ್ಜಿಗಳೂ ಬಂದ ಸರದಿಯಲ್ಲೇ ಮುಂದೆ ಸಾಗಬೇಕಿತ್ತು. ಹಿಂದಿನದನ್ನು ಮುಂದಕ್ಕೆ ತಳ್ಳಲು ಸಾಫ್ಟ್‌ವೇರ್ ಬಿಡುತ್ತಿರಲಿಲ್ಲ.

ಇಷ್ಟಾದರೂ ಹೊಲವನ್ನು ಯಾರು ಉಳುತ್ತಿದ್ದಾರೆಂಬುದು ಕಂಪ್ಯೂಟರಿಗೆ ಗೊತ್ತಿಲ್ಲ. ಹಳೆಯ ಪುಸ್ತಕದಲ್ಲಿ ತಪ್ಪು ಹೆಸರಿದ್ದರೆ ಅದೇ ತಪ್ಪು ಅಚ್ಚುಕಟ್ಟಾಗಿ ಮುದ್ರಣವಾಗಿ ಬರುತ್ತದೆ, ಅಚ್ಚಾದದ್ದೆಂಬ ಕಾರಣಕ್ಕೆ ಇನ್ನಷ್ಟು ನಿಜವಾಗಿ ಕಾಣುತ್ತದೆ. ತಾತ ತೀರಿಕೊಂಡು ಎಷ್ಟೋ ವರ್ಷವಾದರೂ ಪಹಣಿಯಲ್ಲಿ ತಾತನೇ ಇರುವ ಮನೆಗಳು ಪ್ರತಿ ಊರಿನಲ್ಲೂ ಸಿಗುತ್ತವೆ. ತೀರಿಕೊಂಡವರ ಖಾತೆಯನ್ನು ವಾರಸುದಾರರಿಗೆ ಬದಲಿಸುವ ಪೌತಿ ಖಾತೆಗೆ ಮನೆಯವರು ಅರ್ಜಿ ಹಾಕದೆ ಆ ಹೆಸರು ಬದಲಾಗುವುದು ಕಷ್ಟ.

ಈಗ ಪಹಣಿ ಮೊಬೈಲಿನಲ್ಲೇ ತೆರೆದುಕೊಳ್ಳುತ್ತದೆ. ತೆರೆದವರು ಸರ್ವೆ ನಂಬರು, ಹಿಸ್ಸಾ, ತಂದೆಯ ಹೆಸರು, ವಿಸ್ತೀರ್ಣ ಇವಿಷ್ಟನ್ನು ಹಳೆಯ ಪತ್ರಗಳ ಜೊತೆ ಒಮ್ಮೆ ಹೋಲಿಸಿ ನೋಡಲಿ. ವ್ಯತ್ಯಾಸ ಕಂಡರೆ ಸಾಲಕ್ಕೋ ಮಾರಾಟಕ್ಕೋ ಹೊರಡುವ ಮುಂಚೆಯೇ ತಾಲ್ಲೂಕು ಕಚೇರಿಗೆ ತಿದ್ದುಪಡಿ ಅರ್ಜಿ ಕೊಡಲಿ.